41 ಸೆಕೆಂಡ್ ಖಾಲಿ

ಒಂದು ಕ್ಯಾಸೆಟ್ಟಿನ ವಿಷಯ ಎರಡು ತಿಂಗಳಿಂದ ತಲೆ ಕೊರೆಯುತ್ತಿದೆ. ಥ್ರ್ಯಾಶ್ ಮೆಟಲ್ ಅನ್ನುವ ಅತಿ ವೇಗದ, ಗಡಸು ರಾಕ್ ನುಡಿಸುವ ಬ್ಯಾಂಡೊಂದು 1980ರ ದಶಕದ ಕೊನೆಯಲ್ಲಿ ಕೊಟ್ಟ ಕಾರ್ಯಕ್ರಮ ಅದರಲ್ಲಿದೆ. ಜನರ ಮಧ್ಯೆ ನಿಂತು ಯಾರೋ ಒಬ್ಬರು ರೆಕಾರ್ಡ್ ಮಾಡಿದ್ದು. ಬ್ಯಾಂಡ್ ಯಾವುದು ಅನ್ನುವುದು ಇಲ್ಲಿ ಮುಖ್ಯ ಅಲ್ಲ. ಲೈವ್ ರೆಕಾರ್ಡಿಂಗ್ ಕೂಡಿಡುವ ಯಾರನ್ನು ಕೇಳಿದರೂ ಅವರ ಹತ್ತಿರ ಇಂಥದ್ದೊಂದು ಇದ್ದೇ ಇರುತ್ತದೆ. ಸಿ-90 ಕ್ಯಾಸೆಟ್. ಒಂದು ಸೈಡಿಗೆ 45 ನಿಮಿಷ, ಟೇಪು ಧಾರಾಳವಾಗಿ ಸುತ್ತಿದ್ದರೆ ಒಂದೆರಡು ನಿಮಿಷ ಜಾಸ್ತಿ. 46ನೇ ನಿಮಿಷದಲ್ಲಿ, ಆ ರಾತ್ರಿಯ ಅತಿ ಉದ್ದದ ಹಾಡಿನ ನಡುವೆ, ಗಿಟಾರ್ ಸೋಲೋ, ಅಂದರೆ ಗಿಟಾರ್ ಒಂದೇ ಮುಂದೆ ನಿಂತು ನುಡಿಯುವ ಭಾಗ, ಮೇಲೆ ಮೇಲೆ ಏರುತ್ತಿರುವಾಗಲೇ ಎ ಸೈಡ್ ಮುಗಿದುಹೋಗುತ್ತದೆ. ಟಕ್. ಕಂಪ್ಯೂಟರಿಗೆ ಇಳಿಸಿದ ಫೈಲಿನಲ್ಲಿ ಮರುಕ್ಷಣವೇ ಬಿ ಸೈಡ್. ಆಗಲೇ ಕೊನೆಯ ಪಲ್ಲವಿ ಬಂದುಬಿಟ್ಟಿದೆ, ಕಾರ್ಯಕ್ರಮದ ಹಾಲಿಗೆ ಹಾಲೇ ಕೂಗುತ್ತಿದೆ.

ವರ್ಷಗಟ್ಟಲೆ ಕೇಳಿ ಕೇಳಿ ಆ ಟಕ್ ಸದ್ದಿಗೆ ಕಿವಿ ಒಗ್ಗಿಹೋಗಿತ್ತು. ಅದೇ ಹಾಡನ್ನು ಆಲ್ಬಮ್ಮಿನಲ್ಲಿ ಕೇಳುವಾಗಲೂ ಆ ಜಾಗ ಹತ್ತಿರ ಬಂದರೆ ಮೈ ಒಮ್ಮೆ ಬಿಗಿಯಾಗುತ್ತಿತ್ತು. ನಡುವೆ ಎಷ್ಟು ಹೋಗಿದೆ ಎಂದು ಮಾತ್ರ ಗೊತ್ತಿರಲಿಲ್ಲ. ಗೊತ್ತಾಗುವುದಾದರೂ ಹೇಗೆ? ಕೇಳುವಾಗ ಆ ಖಾಲಿ ಜಾಗಕ್ಕೆ ಉದ್ದವೇ ಇಲ್ಲ. ಎರಡು ತಿಂಗಳ ಹಿಂದೆ ಅದೇ ರಾತ್ರಿಯ ಇನ್ನೊಂದು ರೆಕಾರ್ಡಿಂಗ್ ಕೈಗೆ ಸಿಕ್ಕಿತು. ಬಾಲ್ಕನಿಯಲ್ಲಿ ಕೂತು ಬೇರೆ ಯಾರೋ ಮಾಡಿದ್ದು. ಎರಡನ್ನೂ ಕಂಪ್ಯೂಟರಿನಲ್ಲಿ ಒಂದರ ಕೆಳಗೊಂದು ಇಟ್ಟು ನೋಡಿದೆ. ಹೋಗಿರುವುದು 41 ಸೆಕೆಂಡ್. ಬಾಲ್ಕನಿಯ 41 ಸೆಕೆಂಡನ್ನು ಕತ್ತರಿಸಿ ಕೆಳಗಿನ ರೆಕಾರ್ಡಿಂಗಿಗೆ ಸೇರಿಸಿದರೆ ಹಾಡು ಪೂರ್ತಿಯಾಗುತ್ತದೆ. ಈ ಹವ್ಯಾಸದಲ್ಲಿರುವ ತುಂಬಾ ಜನ ಅದನ್ನೇ ಮಾಡುತ್ತಾರೆ, ಅದನ್ನು ಪ್ಯಾಚ್ ಅನ್ನುತ್ತಾರೆ. ನನಗೆ ಮಾತ್ರ ಕೈ ಬರುತ್ತಿಲ್ಲ. ಯಾಕೆ ಅಂತ ಯೋಚಿಸುತ್ತಾ ಹೋದರೆ, ಒಳ್ಳೆಯ ರೆಕಾರ್ಡಿಂಗ್ ಅಂದರೆ ಯಾವುದು ಅನ್ನುವ ಹಳೇ ಪ್ರಶ್ನೆಗೇ ಬಂದು ನಿಲ್ಲುತ್ತೇನೆ.

ಗಿಟಾರೇ ಇಲ್ಲದ ಸೌಂಡ್‌ಬೋರ್ಡ್

ಈ ಹುಚ್ಚು ಹಿಡಿದ ಹೊಸತರಲ್ಲಿ ಎಲ್ಲರೂ ಹುಡುಕುವುದು ಸೌಂಡ್‌ಬೋರ್ಡ್ ರೆಕಾರ್ಡಿಂಗನ್ನೇ. ಹಾಡು, ವಾದ್ಯ ಎಲ್ಲದರ ಸದ್ದನ್ನು ಹದವಾಗಿ ಕೂಡಿಸುವ ಮಿಕ್ಸರಿನಿಂದ ನೇರವಾಗಿ ತಂತಿಯಲ್ಲಿ ಬಂದದ್ದು, ನಡುವೆ ಗಾಳಿ ಇಲ್ಲ, ಪಕ್ಕದವರ ಮಾತಿಲ್ಲ, ಶಿಳ್ಳೆ ಇಲ್ಲ. ಅದಕ್ಕಿಂತ ಒಳ್ಳೆಯದು ಏನಿದೆ ಅಂತ ನಾನೂ ಅಂದುಕೊಂಡಿದ್ದೆ. ಮೊದಲ ಸೌಂಡ್‌ಬೋರ್ಡ್ ಸಿಕ್ಕಿದ ದಿನ ಹೆಡ್‌ಫೋನ್ ಹಾಕಿಕೊಂಡು ಕತ್ತಲೆ ಕೋಣೆಯಲ್ಲಿ ಕೂತೆ. ಹಾಡುವವರ ಧ್ವನಿ ಕಿವಿಯ ಒಳಗೇ ಇತ್ತು. ಕಾಲಲ್ಲಿ ಬಾರಿಸುವ ಕಿಕ್ ಡ್ರಮ್ಮಿನ ಒಂದೊಂದು ಏಟೂ ಎಣಿಸುವಷ್ಟು ಸ್ಪಷ್ಟ. ಗಿಟಾರ್ ಮಾತ್ರ ಎಲ್ಲೋ ಪಕ್ಕದ ಮನೆಯಲ್ಲಿ ಬಾರಿಸಿದ ಹಾಗಿತ್ತು. ಮೆಟಲ್ ಸಂಗೀತದಲ್ಲಿ ಗಿಟಾರ್ ಇಲ್ಲ ಅಂದರೆ ಉಳಿಯುವುದು ಏನು? ಜನರ ಸದ್ದೂ ಇಲ್ಲ. ಹಾಡು ಮುಗಿದ ಮೇಲೆ ಹಾಡುವವರು ಖಾಲಿ ಗೋಡೆಗೆ ಧನ್ಯವಾದ ಹೇಳಿದ ಹಾಗೆ ಕೇಳುತ್ತಿತ್ತು.

ಕಾರಣ ಗೊತ್ತಾದದ್ದು ಆಮೇಲೆ. ಸೌಂಡ್‌ಬೋರ್ಡಿನ ಮಿಕ್ಸ್ ಮಾಡುವುದು ರೆಕಾರ್ಡಿಂಗಿಗೆ ಅಲ್ಲ, ಆ ಹಾಲಿಗೆ. ಚಿಕ್ಕ ಕ್ಲಬ್ಬಿನಲ್ಲಿ ಗಿಟಾರಿನ ಆಂಪ್ಲಿಫೈಯರುಗಳೇ ವೇದಿಕೆಯ ಮೇಲಿಂದ ಇಡೀ ಕೋಣೆಯನ್ನು ತುಂಬಿಬಿಡುತ್ತವೆ. ಸ್ಪೀಕರುಗಳಿಗೆ ಗಿಟಾರನ್ನು ಇನ್ನಷ್ಟು ಕಳಿಸುವ ಅಗತ್ಯವೇ ಇರುವುದಿಲ್ಲ. ಅದಕ್ಕೇ ಎಂಜಿನಿಯರ್ ಧ್ವನಿಯನ್ನೂ ಕಿಕ್ ಡ್ರಮ್ಮನ್ನೂ ಎತ್ತಿ, ಗಿಟಾರನ್ನು ತಗ್ಗಿಸಿ ಇಡುತ್ತಾರೆ. ಹಾಲಿನಲ್ಲಿ ನಿಂತವರಿಗೆ ಎರಡೂ ಸೇರಿ ಸರಿಯಾಗಿ ಕೇಳುತ್ತದೆ. ತಂತಿಯಲ್ಲಿ ಹೋದದ್ದು ಅರ್ಧ ಮಾತ್ರ. ದೊಡ್ಡ ಮೈದಾನಗಳ ಸೌಂಡ್‌ಬೋರ್ಡ್‌ಗಳಲ್ಲಿ ಈ ತೊಂದರೆ ಕಡಿಮೆ. ಅಲ್ಲಿ ಎಲ್ಲವೂ ಮಿಕ್ಸರಿನ ಮೂಲಕವೇ ಹೋಗಬೇಕು. ಆದರೆ ಮೆಟಲ್ ಬ್ಯಾಂಡುಗಳ ಅತ್ಯಂತ ಕಿಚ್ಚಿನ ದಿನಗಳು ಕಳೆದದ್ದು ಚಿಕ್ಕ ಕ್ಲಬ್ಬುಗಳಲ್ಲೇ ಅಲ್ವಾ.

ಹಾಗಾದರೆ ಜನರ ನಡುವೆ ಮೈಕು ಹಿಡಿದು ಮಾಡಿದ ರೆಕಾರ್ಡಿಂಗೇ ಮೇಲು ಅನ್ನೋಣವೇ? ಅದಕ್ಕೂ ಅದರದೇ ಕಷ್ಟ. ಮೆಟಲ್ ಕಾರ್ಯಕ್ರಮದ ಸದ್ದು ಸುಲಭವಾಗಿ 110 ಡೆಸಿಬೆಲ್ ದಾಟುತ್ತದೆ. ಮಾತು ಹಿಡಿಯುವುದಕ್ಕೆ ಮಾಡಿದ ಮೈಕು ಆ ಹೊಡೆತ ತಡೆಯುವುದಿಲ್ಲ. ಅಲೆಯ ತುದಿ ಚಪ್ಪಟೆಯಾಗಿ, ಎಲ್ಲವೂ ಗರಗರ ಅನ್ನುವ ಒಂದು ಮುದ್ದೆಯಾಗುತ್ತದೆ. ತಿಳಿದವರು ಮೈಕಿಗೆ ಪುಟ್ಟ ಬ್ಯಾಟರಿ ಡಬ್ಬಿಯಿಂದ ಜಾಸ್ತಿ ವೋಲ್ಟೇಜ್ ಕೊಟ್ಟು, ರೆಕಾರ್ಡರಿನ ಮೈಕ್ ತೂತಿಗೆ ಹಾಕದೆ ಲೈನ್ ತೂತಿಗೆ ಹಾಕುತ್ತಾರೆ. ಕೆಳಗಿನ ಗುಂಯ್ ಸದ್ದನ್ನು ಅಲ್ಲೇ ಸ್ವಲ್ಪ ಕತ್ತರಿಸುತ್ತಾರೆ. ಮಟ್ಟವನ್ನು ತಗ್ಗಿಸಿ ಇಡುತ್ತಾರೆ. 24 ಬಿಟ್ ರೆಕಾರ್ಡರ್ ಬಂದ ಮೇಲಂತೂ ತಗ್ಗಿಸಿ ಇಡುವುದಕ್ಕೆ ಹೆದರಬೇಕಾಗಿಲ್ಲ. 16 ಬಿಟ್‌ನಲ್ಲಿ ಅತಿ ಮೆಲುವಿನಿಂದ ಅತಿ ಜೋರಿನವರೆಗೆ ಸುಮಾರು 96 ಡೆಸಿಬೆಲ್ ಜಾಗ ಇದ್ದರೆ, 24 ಬಿಟ್‌ನಲ್ಲಿ ಲೆಕ್ಕದ ಪ್ರಕಾರ 144. ಕ್ಯಾಸೆಟ್ ಕಾಲದವರಿಗೆ ಈ ಸುಖ ಇರಲಿಲ್ಲ. ತಗ್ಗಿಸಿದರೆ ಟೇಪಿನ ಸುಯ್ ಸದ್ದು, ಏರಿಸಿದರೆ ಗರಗರ. ಎರಡರ ನಡುವಿನ ಆ ಸಣ್ಣ ಜಾಗವನ್ನು ಕತ್ತಲಲ್ಲಿ, ಜೇಬಿನೊಳಗೆ ಬೆರಳು ಆಡಿಸಿ ಹುಡುಕಿಕೊಳ್ಳಬೇಕಿತ್ತು.

ಎರಡನ್ನೂ ಕೂಡಿಸುವವರೂ ಇದ್ದಾರೆ. ಸೌಂಡ್‌ಬೋರ್ಡಿನ ಸ್ಪಷ್ಟತೆ, ಜನರ ನಡುವಿನ ಗಾಳಿ. ಅದಕ್ಕೆ ಮ್ಯಾಟ್ರಿಕ್ಸ್ ಅನ್ನುತ್ತಾರೆ. ಬೇರೆ ಸಂಗೀತದಲ್ಲಿ ಇದು ಅಷ್ಟು ಕಷ್ಟ ಅಲ್ಲ, ಮೆಟಲ್‌ನಲ್ಲಿ ಬಹಳ ಕಷ್ಟ. ಸದ್ದು ಗಾಳಿಯಲ್ಲಿ ಸೆಕೆಂಡಿಗೆ ಸುಮಾರು 343 ಮೀಟರ್ ಹೋಗುತ್ತದೆ. ವೇದಿಕೆಯಿಂದ 20 ಮೀಟರ್ ದೂರದಲ್ಲಿ ನಿಂತವರ ಮೈಕಿಗೆ ತಂತಿಗಿಂತ ಹೆಚ್ಚುಕಡಿಮೆ 58 ಮಿಲಿಸೆಕೆಂಡ್ ತಡವಾಗಿ ಮುಟ್ಟುತ್ತದೆ. ನಿಧಾನದ ಹಾಡಿನಲ್ಲಿ ಅದು ಸಣ್ಣ ಪ್ರತಿಧ್ವನಿಯ ಹಾಗೆ ಕೇಳೀತು. ಆದರೆ ನಿಮಿಷಕ್ಕೆ 200 ಬೀಟ್‌ನ ಹಾಡಿನಲ್ಲಿ ಡ್ರಮ್ಮರ್ ಎರಡೂ ಕಾಲಲ್ಲಿ ಒಂದು ಬೀಟಿಗೆ ನಾಲ್ಕು ಏಟು ಹೊಡೆದರೆ, ಒಂದು ಏಟಿಗೂ ಮುಂದಿನದಕ್ಕೂ ನಡುವೆ ಇರುವುದೇ 75 ಮಿಲಿಸೆಕೆಂಡ್. ಸರಿಸಿ ಜೋಡಿಸದೆ ಹಾಗೇ ಕೂಡಿಸಿದರೆ ತಡವಾದ ಏಟು ಮುಂದಿನ ಏಟಿನ ಮೈಮೇಲೇ ಬೀಳುತ್ತದೆ. ಡಬಲ್ ಕಿಕ್ ಅನ್ನುವುದು ತಗಡಿನ ಮೇಲೆ ಕಲ್ಲು ಉರುಳಿಸಿದ ಹಾಗಾಗುತ್ತದೆ. ಚೆನ್ನಾಗಿ ಮಾಡಿದ ಮೆಟಲ್ ಮ್ಯಾಟ್ರಿಕ್ಸ್ ಕೇಳಿದಾಗೆಲ್ಲ, ಅದರ ಹಿಂದೆ ಎಷ್ಟು ರಾತ್ರಿಗಳ ಕೆಲಸ ಇದೆ ಎಂದು ಮೊದಲು ಅನ್ನಿಸುವುದು ಅದಕ್ಕೇ.

ಕೂದಲೆಳೆಯಷ್ಟು

ನನಗೆ ಕೇಳುವುದನ್ನು ಕಲಿಸಿದವರು ಒಬ್ಬರು ಹಿರಿಯರು. ನನಗಿಂತ ಇಪ್ಪತ್ತು ವರ್ಷ ದೊಡ್ಡವರು. ಅಂಚೆಯಲ್ಲಿ ಕ್ಯಾಸೆಟ್ ಬದಲಾಯಿಸಿಕೊಳ್ಳುತ್ತಿದ್ದ ಕಾಲದವರು. ಖಾಲಿ ಕ್ಯಾಸೆಟ್ಟನ್ನೂ ಅಂಚೆ ಖರ್ಚನ್ನೂ ಕಳಿಸಿದರೆ, ಗುರುತೇ ಇಲ್ಲದ ಒಬ್ಬರು ಎರಡು ಗಂಟೆ ಕೂತು ಪ್ರತಿ ಮಾಡಿ ವಾಪಸ್ ಕಳಿಸುತ್ತಿದ್ದರು. ಅದಕ್ಕೆ ಯಾರೂ ದುಡ್ಡು ಮುಟ್ಟುತ್ತಿರಲಿಲ್ಲ, ಮುಟ್ಟಿದವರನ್ನು ಯಾರೂ ಹತ್ತಿರ ಸೇರಿಸುತ್ತಿರಲಿಲ್ಲ. ಅಮೆರಿಕದ ಥ್ರ್ಯಾಶ್ ಬ್ಯಾಂಡ್ ಮೆಟಾಲಿಕಾದ ಹೆಸರು ಮೊದಲ ಆಲ್ಬಮ್ಮಿಗಿಂತ ಮುಂಚೆಯೇ ದೇಶ ದೇಶಕ್ಕೆ ಹರಡಿದ್ದು ಹೀಗೆ. ಅವರ 1982ರ ಡೆಮೊ ಕ್ಯಾಸೆಟ್ ಕೈಯಿಂದ ಕೈಗೆ ಹೋಯಿತು. ಆ ಬ್ಯಾಂಡಿನ ಡ್ರಮ್ಮರ್ ಲಾರ್ಸ್ ಉಲ್ರಿಕ್ ತಾವೇ ಕ್ಯಾಸೆಟ್ ಬದಲಾಯಿಸಿಕೊಳ್ಳುವ ಹುಡುಗರಲ್ಲಿ ಒಬ್ಬರಾಗಿದ್ದರು. ಪ್ರತಿಯ ಪ್ರತಿ, ಅದರ ಪ್ರತಿ. ಪ್ರತಿ ಸಲವೂ ಸುಯ್ ಸದ್ದು ಒಂದು ಪದರ ಏರುತ್ತದೆ, ಡ್ರಮ್ಮಿನ ಜೊತೆ ಬಾರಿಸುವ ಲೋಹದ ತಟ್ಟೆ ಸಿಂಬಲಿನ ಹೊಳಪು ಒಂದು ಪದರ ಇಳಿಯುತ್ತದೆ. ಇದನ್ನು ಜನರೇಶನ್ ಲೆಕ್ಕದಲ್ಲಿ ಹೇಳುವುದು ರೂಢಿ. ನನಗೆ ತಲೆಮಾರು ಅನ್ನುವ ನಮ್ಮ ಮಾತೇ ಇಷ್ಟ. ಅಜ್ಜನ ಮುಖ ಮೊಮ್ಮಗನಲ್ಲಿ ಸ್ವಲ್ಪ ಮಾತ್ರ ಉಳಿಯುತ್ತದೆ ಅಲ್ವಾ, ಹಾಗೆ.

ಒಂದು ಸಂಜೆ ಅವರು ಒಂದು ಮಾಸ್ಟರ್ ಕ್ಯಾಸೆಟ್ಟನ್ನು ಕಂಪ್ಯೂಟರಿಗೆ ಇಳಿಸುವುದಿತ್ತು. ಹಾಲಿನಲ್ಲಿ ಓಡಿದ ಅಸಲು ಟೇಪು. ನನ್ನನ್ನೂ ಕರೆದಿದ್ದರು. ಕ್ಯಾಸೆಟ್ ಡೆಕ್ಕಿನ ಮುಂದಿನ ಮುಚ್ಚಳ ತೆಗೆದಿಟ್ಟಿದ್ದರು. ಟೇಪನ್ನು ಓದುವ ಹೆಡ್ಡಿನ ಪಕ್ಕದಲ್ಲಿ ಸಾಸಿವೆ ಕಾಳಿನಷ್ಟು ದೊಡ್ಡ ಒಂದು ತಿರುಪು. ಅವರ ಕೈಯಲ್ಲಿ ಗಡಿಯಾರ ರಿಪೇರಿಯವರ ಸ್ಕ್ರೂಡ್ರೈವರ್. ಎಡ ಬಲ ಎರಡು ಚಾನೆಲ್ಲನ್ನೂ ಒಂದಾಗಿ ಕೂಡಿಸಿ, ಟೇಪು ಬಿಟ್ಟರು. ಸಿಂಬಲ್ ಬಟ್ಟೆ ಸುತ್ತಿಟ್ಟ ತಟ್ಟೆಯ ಹಾಗೆ ಮಂಕಾಗಿತ್ತು. "ಈಗ ಕೇಳು," ಅಂದು ತಿರುಪನ್ನು ಕೂದಲೆಳೆಯಷ್ಟು ತಿರುಗಿಸಿದರು. ಮಂಕು ಇನ್ನೂ ಜಾಸ್ತಿಯಾಯಿತು. "ಇದು ತಪ್ಪು ದಿಕ್ಕು." ಇನ್ನೊಂದು ಕಡೆಗೆ ತಿರುಗಿಸಿದರು. ಹೈ-ಹ್ಯಾಟ್ ಅನ್ನುವ ಜೋಡಿ ಸಿಂಬಲ್ ಮೊದಲು ಸಣ್ಣಗೆ ಎದ್ದಿತು. ಆಮೇಲೆ ಒಮ್ಮೆಲೇ, ಕಿಟಕಿ ತೆಗೆದ ಹಾಗೆ, ಇಡೀ ಹಾಲು ತೆರೆದುಕೊಂಡಿತು. ಡ್ರಮ್ಮರ್ ಎಡಗೈಯಲ್ಲಿ ಏನು ಮಾಡುತ್ತಿದ್ದಾರೆ ಅನ್ನುವುದು ಕೇಳಿಸಿತು. ಅವರು ಇನ್ನೂ ಸ್ವಲ್ಪ ಮುಂದೆ ಹೋಗಿ, ಮತ್ತೆ ಮಂಕಾಗುವುದನ್ನು ಕೇಳಿ, ಅಷ್ಟೇ ಹಿಂದೆ ಬಂದು ಕೈ ಬಿಟ್ಟರು.

"ಅಣ್ಣಾ, ಟೇಪು ಹಾಳಾಗಿದೆ ಅಂದುಕೊಂಡಿದ್ದೆ," ಅಂದೆ. "ಟೇಪು ಸರಿಯಾಗೇ ಇತ್ತು. ಅವತ್ತು ರೆಕಾರ್ಡ್ ಮಾಡಿದವನ ಜಾಕೆಟ್ಟಿನಲ್ಲಿದ್ದ ಯಂತ್ರದ ಹೆಡ್ಡು ಎಷ್ಟು ವಾಲಿತ್ತೋ ನಮ್ಮದೂ ಅಷ್ಟೇ ವಾಲಬೇಕು," ಅಂದರು. ನಾವು ಎಂದೂ ನೋಡದ ಒಂದು ಯಂತ್ರ, ಗೊತ್ತೇ ಇಲ್ಲದ ಒಬ್ಬ ಮನುಷ್ಯ. ಅವರ ವಾಲಿಗೆ ನಮ್ಮ ವಾಲನ್ನು ಹೊಂದಿಸಬೇಕು. ಬಿ ಸೈಡಿಗೆ ಮತ್ತೆ ಮೊದಲಿಂದ ಅದೇ ಕೆಲಸ ಮಾಡಿದರು, ಎರಡು ಸೈಡಿನಲ್ಲೂ ವಾಲು ಒಂದೇ ಇರುತ್ತದೆ ಅಂತ ನಂಬುವ ಹಾಗಿಲ್ಲ. ಇದಾದ ಮೇಲೆ ವೇಗದ ವಿಷಯ. ಆ ರಾತ್ರಿ ರೆಕಾರ್ಡರಿನ ಬ್ಯಾಟರಿ ಸೊರಗುತ್ತಾ ಬಂದಿತ್ತು. ಬ್ಯಾಟರಿ ಸೊರಗಿದರೆ ಟೇಪು ನಿಧಾನವಾಗಿ ಓಡುತ್ತದೆ, ಅದನ್ನು ಸರಿಯಾದ ವೇಗದ ಡೆಕ್ಕಿನಲ್ಲಿ ಹಾಕಿದರೆ ಹಾಡು ಓಡತೊಡಗುತ್ತದೆ, ಶ್ರುತಿ ಏರುತ್ತದೆ. ಕೊನೆಯ ಮೂರು ಹಾಡು ಒಂದಕ್ಕಿಂತ ಒಂದು ಮೇಲೇರಿದ್ದವು. ಸರಿಪಡಿಸುವುದಕ್ಕೆ ಬ್ಯಾಂಡ್ ಆ ವರ್ಷ ಗಿಟಾರನ್ನು ಯಾವ ಶ್ರುತಿಗೆ ಕಟ್ಟುತ್ತಿತ್ತು ಅನ್ನುವುದು ಗೊತ್ತಿರಬೇಕು. ಆಲ್ಬಮ್ಮಿಗೆ ಹೋಲಿಸಿ ಸರಿಮಾಡಿದರೆ ಮೋಸ ಹೋಗುವ ಸಂಭವ ಇದೆ. ಮೆಟಾಲಿಕಾ 1990ರ ದಶಕದ ನಡುವಿನಿಂದ ಹಳೆಯ ಹಾಡುಗಳನ್ನೂ ವೇದಿಕೆಯ ಮೇಲೆ ಅರ್ಧ ಸ್ವರ ಇಳಿಸಿ ನುಡಿಸುತ್ತಾರೆ. ಬ್ಲ್ಯಾಕ್ ಸಬ್ಬಾತ್‌ನ ಗಿಟಾರಿಸ್ಟ್ ಟೋನಿ ಅಯೋಮಿ, ಕಾರ್ಖಾನೆಯ ಯಂತ್ರಕ್ಕೆ ಸಿಕ್ಕಿ ಬೆರಳ ತುದಿ ಕಳೆದುಕೊಂಡವರು, ತಂತಿ ಸಡಿಲವಾಗಿರಲಿ ಎಂದು 1971ರ ಆಲ್ಬಮ್ಮಿನ ಹೊತ್ತಿಗೆ ಮೂರು ಅರ್ಧ ಸ್ವರ ಕೆಳಗಿಳಿದಿದ್ದರು. ಇದು ತಿಳಿಯದೆ ಯಾರೋ ಸರಿಮಾಡಿದ ಟೇಪುಗಳನ್ನು ನಾನು ಕೇಳಿದ್ದೇನೆ. ಹಾಡುವವರ ಧ್ವನಿ ಮಕ್ಕಳ ಧ್ವನಿಯಾಗಿರುತ್ತದೆ.

ಆ ಸಂಜೆ ಒಂದೂವರೆ ಗಂಟೆಯ ಕ್ಯಾಸೆಟ್ಟಿಗೆ ಐದು ಗಂಟೆ ಹಿಡಿಯಿತು. ಅಷ್ಟರಲ್ಲಿ ಅವರು ಸುಯ್ ಸದ್ದನ್ನು ಮಾತ್ರ ಒಂದಿಷ್ಟೂ ಮುಟ್ಟಲಿಲ್ಲ. ಯಾಕೆ ಎಂದು ಕೇಳಿದ್ದಕ್ಕೆ, "ಸಿಂಬಲೂ ಸುಯ್ ಅಂತಲೇ ಅನ್ನುತ್ತದೆ. ಕಂಪ್ಯೂಟರಿಗೆ ಎರಡರ ವ್ಯತ್ಯಾಸ ಗೊತ್ತಾಗಲ್ಲ," ಅಂದರು. ಸದ್ದು ಅಳಿಸುವ ಸಾಫ್ಟ್‌ವೇರ್ ಹಾಕಿ ಹೊಳಪು ಕೊಟ್ಟ ರೆಕಾರ್ಡಿಂಗುಗಳನ್ನು ಕೇಳಿದಾಗೆಲ್ಲ ಈ ಮಾತು ನೆನಪಾಗುತ್ತದೆ. ಟೇಪಿನ ಸುಯ್ ಹೋಗಿರುತ್ತದೆ, ಅದರ ಜೊತೆ ಸಿಂಬಲಿನ ಬಾಲವೂ ಹೋಗಿರುತ್ತದೆ. ನೀರೊಳಗೆ ಬಾರಿಸಿದ ಹಾಗೆ ಗುಳುಗುಳು. ಆ ಪ್ರತಿಯೊಂದೇ ಎಲ್ಲೆಡೆ ಹರಡಿ, ಅಸಲು ಕಳೆದುಹೋದರೆ ಮತ್ತೆ ತರುವುದಕ್ಕೆ ಆಗುವುದಿಲ್ಲ. ನನಗೆ ನಿಜವಾಗಿ ಸಂಕಟ ಆಗುವುದು ಇದಕ್ಕೆ.

ಹಾದಿ

ಒಂದು ರೆಕಾರ್ಡಿಂಗ್ ಬಂದಾಗ ನಾನು ಈಗ ಮೊದಲು ತೆರೆಯುವುದು ಹಾಡನ್ನಲ್ಲ, ಅದರ ಜೊತೆಗಿರುವ ಪುಟ್ಟ ಟೆಕ್ಸ್ಟ್ ಫೈಲನ್ನು. ಯಾವ ಮೈಕು, ಯಾವ ರೆಕಾರ್ಡರ್, ಎಲ್ಲಿ ನಿಂತಿದ್ದರು, ಎಷ್ಟನೇ ತಲೆಮಾರು, ಯಾವ ಡೆಕ್ಕಿನಿಂದ ಇಳಿಸಿದರು, ಆಮೇಲೆ ಏನೇನು ಮಾಡಿದರು. ಹಾಲಿನ ಗಾಳಿಯಿಂದ ನನ್ನ ಕಿವಿಯವರೆಗೆ ಸದ್ದು ನಡೆದು ಬಂದ ಹಾದಿ ಅದು. ಈ ಹಾದಿ ಗೊತ್ತಿರುವ ಸಾಧಾರಣ ರೆಕಾರ್ಡಿಂಗ್, ಹಾದಿ ಗೊತ್ತಿಲ್ಲದ ಸೊಗಸಾದ ರೆಕಾರ್ಡಿಂಗಿಗಿಂತ ನನಗೆ ಹೆಚ್ಚು. ಹೊಸಬರಿಗೆ ಇದು ವಿಚಿತ್ರ ಅನ್ನಿಸುತ್ತದೆ, ಗೊತ್ತು.

ಹಾದಿಯನ್ನು ಬರೆದವರು ಸುಳ್ಳು ಬರೆದಿದ್ದರೆ? ಆಗಾಗ ಹಾಗೂ ಆಗುತ್ತದೆ. ಸದ್ದಿನ ಒಂದಿಷ್ಟನ್ನು ಕಳೆದು ಕುಗ್ಗಿಸಿದ ಎಂಪಿ3 ಫೈಲನ್ನೇ, ಏನನ್ನೂ ಕಳೆಯದೆ ಇಡುವ ಫ್ಲ್ಯಾಕ್ ಫೈಲಾಗಿ ಮಾಡಿ, ಏನೂ ಕಳೆದುಹೋಗಿಲ್ಲ ಎಂದು ಕೊಡುವವರಿದ್ದಾರೆ. ಫ್ಲ್ಯಾಕ್ ಒಂದು ಬಿಟ್ಟೂ ಕಳೆಯುವುದಿಲ್ಲ, ನಿಜ. ಆದರೆ ಆಗಲೇ ಕಳೆದುಹೋದದ್ದನ್ನು ಅದು ತಂದುಕೊಡುವುದಿಲ್ಲ. ಯಾವ ಎತ್ತರದ ಸ್ವರ ಎಷ್ಟಿದೆ ಎಂದು ತೋರಿಸುವ ಸ್ಪೆಕ್ಟ್ರಮ್ ಚಿತ್ರ ತೆಗೆದರೆ 128 ಕೆಬಿಪಿಎಸ್ ಎಂಪಿ3 ಸಾಮಾನ್ಯವಾಗಿ 16 ಕಿಲೋಹರ್ಟ್ಸ್ ಆಸುಪಾಸಿನಲ್ಲಿ ಕತ್ತಿಯಲ್ಲಿ ಕೊಯ್ದ ಹಾಗೆ ನಿಂತಿರುತ್ತದೆ. ಹಾಗಂತ ಮೇಲೆ ಖಾಲಿ ಇದ್ದದ್ದೆಲ್ಲ ಸುಳ್ಳು ಎನ್ನುವುದೂ ತಪ್ಪು. ಎಫ್‌ಎಂ ರೇಡಿಯೋದಲ್ಲಿ ಬಿತ್ತರವಾದ ಕಾರ್ಯಕ್ರಮ 15 ಕಿಲೋಹರ್ಟ್ಸ್‌ಗೆ ನಿಲ್ಲುವುದೇ ಸರಿ, ರೇಡಿಯೋ ಕಳಿಸುವುದೇ ಅಷ್ಟು. ಅದರ ಮೇಲೆ, 19ರಲ್ಲಿ, ಚಿತ್ರದ ಉದ್ದಕ್ಕೂ ದಾರದ ಹಾಗೆ ಒಂದು ಗೆರೆ ಕಂಡರೆ ಖುಷಿಪಡಬೇಕು. ಸ್ಟೀರಿಯೋ ಬಿತ್ತರಕ್ಕೆಂದು ಕಳಿಸುವ ಪೈಲಟ್ ಸ್ವರ ಅದು. ಯಾರೋ ನಿಜವಾಗಿ ರೇಡಿಯೋ ಮುಂದೆ ಕೂತು ಹಿಡಿದಿದ್ದಾರೆ ಅನ್ನುವುದಕ್ಕೆ ಸಾಕ್ಷಿ. ಹಾಗೇ 1990ರ ದಶಕದಲ್ಲಿ ಮಿನಿಡಿಸ್ಕ್ ಅನ್ನುವ ಪುಟ್ಟ ಡಿಜಿಟಲ್ ಡಿಸ್ಕಿನಲ್ಲಿ ಮಾಡಿದ ರೆಕಾರ್ಡಿಂಗುಗಳು. ಆ ಯಂತ್ರವೇ ಸದ್ದನ್ನು ಕುಗ್ಗಿಸಿ ಬರೆಯುತ್ತಿತ್ತು. ಅಲ್ಲಿ ಏನೋ ಕಳೆದಿದೆ ನಿಜ, ಆದರೆ ಅದೇ ಅಸಲು, ಅದಕ್ಕಿಂತ ಹಿಂದೆ ಏನೂ ಇಲ್ಲ.

ಬಿಡುಗಡೆಯಾದ ಲೈವ್ ಆಲ್ಬಮ್‌ಗಳಲ್ಲೂ ಹಾದಿ ಕೇಳಲೇಬೇಕು. ಮೋಟರ್‌ಹೆಡ್‌ನ 1981ರ ಪ್ರಸಿದ್ಧ ಲೈವ್ ಆಲ್ಬಮ್ಮಿನ ಹೆಸರಿನಲ್ಲಿ ಲಂಡನ್ನಿನ ಹ್ಯಾಮರ್‌ಸ್ಮಿತ್ ಇದೆ, ಒಳಗೆ ಇರುವುದು ಬಹುಪಾಲು ಲೀಡ್ಸ್ ಮತ್ತು ನ್ಯೂಕಾಸಲ್. ಜೂಡಾಸ್ ಪ್ರೀಸ್ಟ್ 1979ರ ಫೆಬ್ರವರಿಯಲ್ಲಿ ಟೋಕಿಯೋದಲ್ಲಿ ರೆಕಾರ್ಡ್ ಮಾಡಿದ ಆಲ್ಬಮ್ಮಿಗೆ ಗಾಯಕ ರಾಬ್ ಹ್ಯಾಲ್ಫರ್ಡ್ ಆಮೇಲೆ ಸ್ಟುಡಿಯೋದಲ್ಲಿ ಮತ್ತೆ ಹಾಡಿದರು, ಅದನ್ನು ಅವರೇ ಹೇಳಿಕೊಂಡಿದ್ದಾರೆ. ಐರನ್ ಮೇಡನ್‌ನ 1985ರ ಎರಡು ಡಿಸ್ಕಿನ ಲೈವ್ ಆಲ್ಬಮ್ಮಿನಲ್ಲಿ ಮೂರು ಸೈಡ್ ಅಮೆರಿಕದ ಲಾಂಗ್ ಬೀಚ್‌ನದು, ನಾಲ್ಕನೆಯದು ಹಿಂದಿನ ಅಕ್ಟೋಬರಿನ ಲಂಡನ್ನಿನದು. ನನಗೆ ಈ ಮೂರೂ ಪ್ರಾಣ. ಗೊತ್ತಾದ ಮೇಲೆ ಪ್ರೀತಿ ಕಡಿಮೆಯಾಗಲಿಲ್ಲ, ಕೇಳುವುದು ಮಾತ್ರ ಬದಲಾಯಿತು. ಬ್ಲ್ಯಾಕ್ ಸಬ್ಬಾತ್‌ನ ಒಂದು ಟಿವಿ ಕಾರ್ಯಕ್ರಮ ದಶಕಗಳ ಕಾಲ "ಪ್ಯಾರಿಸ್ 1970" ಎಂಬ ಹೆಸರಲ್ಲೇ ಕೈಯಿಂದ ಕೈಗೆ ಹೋಯಿತು. 2016ರಲ್ಲಿ ಅಧಿಕೃತವಾಗಿ ಹೊರಬಂದಾಗ ಅದರ ಮೇಲೆ ಬ್ರಸೆಲ್ಸ್ ಎಂದಿತ್ತು. ಒಂದು ಊರಿನ ಜನರ ಕೂಗನ್ನು ನಾವೆಲ್ಲ ಅಷ್ಟು ವರ್ಷ ಇನ್ನೊಂದು ಊರಿನ ಕೂಗು ಎಂದು ಕೇಳಿದ್ದೆವು.

ಈಗ ಕೆಲವು ಬ್ಯಾಂಡುಗಳು ಈ ಕೆಲಸವನ್ನು ತಾವೇ ಮಾಡುತ್ತವೆ. ಮೆಟಾಲಿಕಾ 2004ರಿಂದ ತಮ್ಮ ಕಾರ್ಯಕ್ರಮಗಳನ್ನು ಚೆನ್ನಾಗಿ ಮಿಕ್ಸ್ ಮಾಡಿ ಮಾರುತ್ತಾರೆ. ಅವನ್ನು ಕೊಂಡು ಕೇಳುತ್ತೇನೆ. ಅಧಿಕೃತವಾಗಿ ಹೊರಬಂದದ್ದನ್ನು ನಮ್ಮಲ್ಲಿ ಯಾರೂ ಹಂಚಬಾರದು, ಅದು ನ್ಯಾಯ. ಆದರೂ ಅದೇ ಬ್ಯಾಂಡಿನ ಇನ್ನೊಂದು ರೆಕಾರ್ಡಿಂಗಿನ ವಿಷಯ ಹೇಳಲೇಬೇಕು. 1986ರ ಸೆಪ್ಟೆಂಬರ್ 26, ಸ್ಟಾಕ್‌ಹೋಮ್. ಮರುದಿನ ಬೆಳಗಿನ ಜಾವ ಅವರ ಬಸ್ಸು ರಸ್ತೆಯಲ್ಲಿ ಉರುಳಿ ಬಾಸ್ ನುಡಿಸುತ್ತಿದ್ದ ಕ್ಲಿಫ್ ಬರ್ಟನ್ ತೀರಿಕೊಂಡರು, 24 ವರ್ಷ. ಆ ಕೊನೆಯ ರಾತ್ರಿಯನ್ನು ಜನರ ನಡುವೆ ನಿಂತ ಒಬ್ಬ ಅಭಿಮಾನಿ ರೆಕಾರ್ಡ್ ಮಾಡಿದ್ದರು. 2017ರಲ್ಲಿ ಬ್ಯಾಂಡ್ ತಂದ, ಹಲವು ಡಿಸ್ಕುಗಳ ದೊಡ್ಡ ಪೆಟ್ಟಿಗೆಯಲ್ಲಿ ಆ ಅಭಿಮಾನಿಯ ರೆಕಾರ್ಡಿಂಗ್ ಇದೆ. ಸಿಡಿಯಲ್ಲಿ ಅಲ್ಲ, ಕ್ಯಾಸೆಟ್ಟಿನಲ್ಲೇ ಕೊಟ್ಟಿದ್ದಾರೆ. ಬೇಕಿದ್ದರೆ ಹೊಳಪು ಕೊಟ್ಟು ಏನೇನೋ ಮಾಡುವ ಶಕ್ತಿ ಅವರಿಗಿತ್ತು. ಹೇಗೆ ಬಂದಿತ್ತೋ ಆ ರೂಪದಲ್ಲೇ ಇಟ್ಟರು. ಆ ಟೇಪಿನಲ್ಲಿ ಬಾಸ್ ಸ್ಪಷ್ಟವಾಗಿಲ್ಲ ಎಂದು ಯಾರಾದರೂ ದೂರಿದರೆ ನನಗೆ ಏನು ಹೇಳಬೇಕು ಅನ್ನುವುದೇ ತೋಚುವುದಿಲ್ಲ.

ಸುಮ್ನೆ ನಿಲ್ಲುವುದು

ನಾನೂ ಒಮ್ಮೆ ರೆಕಾರ್ಡ್ ಮಾಡಲು ಹೋಗಿದ್ದೆ. ಬ್ಯಾಂಡಿನವರ ಒಪ್ಪಿಗೆ ಇತ್ತು, ಮೈಕು ಒಳ್ಳೆಯದಿತ್ತು. ಮಟ್ಟವನ್ನು ತಾನೇ ಏರಿಳಿಸುವ ಆಟೋ ಸ್ವಿಚ್ಚನ್ನು ಮಾತ್ರ ಆಫ್ ಮಾಡಿರಲಿಲ್ಲ. ಮನೆಗೆ ಬಂದು ಕೇಳಿದರೆ, ಕಿಕ್ ಡ್ರಮ್ಮಿನ ಪ್ರತಿ ಏಟಿಗೂ ಇಡೀ ಸಂಗೀತ ಒಮ್ಮೆ ಮುಳುಗಿ ಮತ್ತೆ ಮೇಲೆ ಬರುತ್ತಿತ್ತು. ಒಂದು ಗಂಟೆ ಇಪ್ಪತ್ತು ನಿಮಿಷ ಹೀಗೇ. ಆ ಬ್ಯಾಂಡ್ ಆಮೇಲೆ ಒಡೆದುಹೋಯಿತು. ಅವತ್ತು ಬೇರೆ ಯಾರೂ ರೆಕಾರ್ಡ್ ಮಾಡಿರಲಿಲ್ಲ.

ಆದರೆ ಆ ರಾತ್ರಿ ನನಗೆ ಹೆಚ್ಚು ನೆನಪಿರುವುದು ಸ್ವಿಚ್ಚಿನ ತಪ್ಪಲ್ಲ, ಸುಮ್ನೆ ನಿಂತದ್ದು. ಮೈಕುಗಳು ಟೋಪಿಯ ಎರಡು ಪಕ್ಕದಲ್ಲಿ ಇದ್ದವು. ತಲೆ ಅಲ್ಲಾಡಿಸಿದರೆ ಇಡೀ ಹಾಲು ಎಡದಿಂದ ಬಲಕ್ಕೆ ತೂಗಾಡುತ್ತದೆ. ಕೂಗಿದರೆ ಕೇಳುವುದು ನನ್ನ ಕೂಗು ಮಾತ್ರ. ವರ್ಷಗಟ್ಟಲೆ ಕಾದು ನೋಡಲು ಹೋದ ಬ್ಯಾಂಡ್ ಹತ್ತು ಮೀಟರ್ ದೂರದಲ್ಲಿದೆ, ಸುತ್ತ ಎಲ್ಲರೂ ತಲೆ ಕೊಡವುತ್ತಿದ್ದಾರೆ, ಬಾಯಿಗೆ ಬರುವ ಪಲ್ಲವಿಯನ್ನು ಹಲ್ಲು ಕಚ್ಚಿ ನುಂಗಬೇಕು. ಪಕ್ಕದಲ್ಲಿದ್ದ ಹುಡುಗನೊಬ್ಬ ನನ್ನ ಮುಖವನ್ನೇ ನೋಡಿ, "ಇಷ್ಟ ಆಗ್ಲಿಲ್ವಾ?" ಅಂತ ಕಿವಿಯ ಹತ್ತಿರ ಬಂದು ಕೇಳಿದ. ಆ ಪ್ರಶ್ನೆ ಟೇಪಿನಲ್ಲಿದೆ. ನನ್ನ ಉತ್ತರ ಇಲ್ಲ, ತಲೆ ಅಲ್ಲಾಡಿಸುವ ಹಾಗೂ ಇರಲಿಲ್ಲವಲ್ಲ.

ಅವತ್ತಿನಿಂದ ಜನರ ನಡುವೆ ಮಾಡಿದ ಯಾವ ರೆಕಾರ್ಡಿಂಗ್ ಕೇಳಿದರೂ, ಅದರ ನಡುವೆ ಮಾತಾಡದೆ ನಿಂತ ಆ ಒಬ್ಬ ಮನುಷ್ಯ ನನಗೆ ಕಾಣಿಸುತ್ತಾನೆ. 1970ರ ದಶಕದಲ್ಲಿ ಲಾಸ್ ಏಂಜಲಿಸ್‌ನ ಮೈಕ್ ಮಿಲಾರ್ಡ್ ಭಾರದ ನಾಕಮಿಚಿ ಕ್ಯಾಸೆಟ್ ಡೆಕ್ಕನ್ನು ಒಳಗೆ ಸಾಗಿಸುವುದಕ್ಕೆ ಗಾಲಿಕುರ್ಚಿಯಲ್ಲಿ ಕೂತು ಹೋಗುತ್ತಿದ್ದರು. ಅವರು ಹಿಡಿದ ಲೆಡ್ ಜೆಪ್ಲಿನ್ ಟೇಪುಗಳನ್ನು ಇವತ್ತಿಗೂ ಜನ ಮಾದರಿ ಎಂದು ತೋರಿಸುತ್ತಾರೆ. ಹೆಸರು ಉಳಿದವರು ಅವರಂಥ ಕೆಲವರು. ಮಿಕ್ಕವರು ಯಾರು ಅನ್ನುವುದು ಟೇಪಿನಲ್ಲಿ ಒಂದು ಕೆಮ್ಮು, ಒಂದು ಜಾಕೆಟ್ಟಿನ ಸರಸರ ಅಷ್ಟೇ.

ಮತ್ತೆ ಆ 41 ಸೆಕೆಂಡ್

ಕೊನೆಗೆ ಕಳೆದ ವಾರ ಒಮ್ಮೆ ಜೋಡಿಸಿ ನೋಡಿದೆ. ಅಂದುಕೊಂಡಷ್ಟು ಸುಲಭ ಇರಲಿಲ್ಲ. ಎರಡು ಯಂತ್ರಗಳು ಒಂದೇ ವೇಗದಲ್ಲಿ ಓಡಿರಲಿಲ್ಲ. ನೂರಕ್ಕೆ ಒಂದರಷ್ಟು ವ್ಯತ್ಯಾಸ ಇದ್ದರೂ 45 ನಿಮಿಷಕ್ಕೆ 27 ಸೆಕೆಂಡ್ ಸರಿದುಹೋಗುತ್ತದೆ. ಒಂದೊಂದೇ ಹಾಡನ್ನು ಎಳೆದು ಕುಗ್ಗಿಸಿ ಕೂರಿಸಿದೆ. ಸಂದು ಕೇಳಿಸದ ಹಾಗೆ ಸೇರಿಸಿದೆ. ಸೋಲೋ ಏರುತ್ತಾ ಬರುತ್ತದೆ, ಆಮೇಲೆ ಒಮ್ಮೆಲೇ ನೆಲದಿಂದ ಮೇಲಕ್ಕೆ, ದೂರಕ್ಕೆ ಎತ್ತಿಕೊಂಡು ಹೋದ ಹಾಗೆ ಆಗುತ್ತದೆ. ಬಾಸ್ ತೆಳುವಾಗುತ್ತದೆ. ಕೆಳಗಿದ್ದ ಜನರ ಕೂಗು ಈಗ ಕೆಳಗಿನಿಂದ ಬರುತ್ತದೆ. 41 ಸೆಕೆಂಡ್ ಆದ ಮೇಲೆ ಮತ್ತೆ ನೆಲಕ್ಕೆ.

ಇಷ್ಟು ವರ್ಷ ಕಾಣದ ಆ ಸೋಲೋದಲ್ಲಿ ಏನಿತ್ತು? ಗಿಟಾರ್ ನುಡಿಸುವವರು ನಡುವೆ ಒಂದು ಕಡೆ ಎಡವುತ್ತಾರೆ. ಒಂದು ಸಾಲನ್ನು ಹಿಡಿದು, ಬಿಟ್ಟು, ಮತ್ತೆ ಅದನ್ನೇ ನುಡಿಸಿ ದಾರಿಗೆ ಬರುತ್ತಾರೆ. ಆಲ್ಬಮ್ಮಿನಲ್ಲಿ ಆ ಸಾಲು ಒಮ್ಮೆ ಮಾತ್ರ ಇದೆ. ಬಾಲ್ಕನಿಯವರ ಪಕ್ಕದಲ್ಲಿ ಯಾರೋ ಆಗ ಜೋರಾಗಿ ನಕ್ಕು ಚಪ್ಪಾಳೆ ಹೊಡೆಯುತ್ತಾರೆ. ಬಹಳ ಚೆನ್ನಾಗಿದೆ ಆ ಜಾಗ. ಕೆಳಗೆ ನಿಂತವರು, ಹತ್ತಿರದಿಂದ ಅದನ್ನು ಕಂಡಿರಬಹುದಾದವರು, ಆ ಹೊತ್ತಿಗೆ ಕತ್ತಲಲ್ಲಿ ಬಗ್ಗಿ, ಕ್ಯಾಸೆಟ್ ತೆಗೆದು, ತಿರುವಿ, ಸೈಡ್ ಸರಿಯಾಗಿದೆಯೇ ಎಂದು ಬೆರಳಲ್ಲಿ ತಡಕಿ ನೋಡುತ್ತಿದ್ದರು. ಸಾಮಾನ್ಯವಾಗಿ ಹತ್ತು ಸೆಕೆಂಡಿನ ಕೆಲಸ. ಅವತ್ತು 41 ಯಾಕಾಯಿತೋ. ಯಾರಾದರೂ ಕಾವಲಿನವರು ಹತ್ತಿರ ಬಂದಿರಬೇಕು. ಬಿ ಸೈಡಿನ ಮೊದಲ ಎರಡು ಸೆಕೆಂಡಿನಲ್ಲಿ, ಪಲ್ಲವಿಯ ಕೂಗಿನ ಕೆಳಗೆ, ಬಟ್ಟೆಯೊಳಗೆ ಮೈಕು ಮತ್ತೆ ಜಾಗಕ್ಕೆ ಕೂರುವ ಸದ್ದಿದೆ. ನೂರು ಸಲ ಕೇಳಿದ್ದರೂ ಅದು ಏನೆಂದು ನನಗೆ ಈ ವಾರವೇ ಗೊತ್ತಾದದ್ದು.

ಬಾಲ್ಕನಿಯವರಿಗೂ ಒಂದು ಖಾಲಿ ಇದೆ. ಅವರು ಸ್ವಲ್ಪ ತಡವಾಗಿ ಶುರುಮಾಡಿದ್ದರು, ಹಾಗಾಗಿ ಅವರ ಟೇಪು ಮುಗಿಯುವುದು ಎರಡು ಹಾಡು ಆದ ಮೇಲೆ. ಅಲ್ಲಿ 12 ಸೆಕೆಂಡ್ ಇಲ್ಲ. ಆ 12 ಸೆಕೆಂಡ್ ಕೆಳಗಿನವರ ಟೇಪಿನಲ್ಲಿ ಪೂರ್ತಿಯಾಗಿ ಇದೆ.

ಜೋಡಿಸಿದ ಪ್ರತಿಯನ್ನು ಬೇರೆ ಫೋಲ್ಡರಿನಲ್ಲಿ, ಜೋಡಿಸಿದ್ದು ಎಂದು ಹೆಸರಿಟ್ಟು ಇಟ್ಟಿದ್ದೇನೆ. ಕೇಳಬೇಕು ಅನ್ನುವವರಿಗೆ ಕೊಡುತ್ತೇನೆ. ಎರಡು ಟೇಪುಗಳನ್ನೂ ಮುಟ್ಟದೆ, ಬೇರೆ ಬೇರೆಯಾಗಿ, ಚೆಕ್‌ಸಮ್ ತೆಗೆದು ಇಟ್ಟಿದ್ದೇನೆ. ಒಂದು ಬಿಟ್ ಬದಲಾದರೂ ಗೊತ್ತಾಗಲಿ ಎಂದು. ನಿನ್ನೆ ರಾತ್ರಿ ಕೆಳಗಿನ ಟೇಪಿನ ಟೆಕ್ಸ್ಟ್ ಫೈಲಿಗೆ ಒಂದು ಸಾಲು ಸೇರಿಸಿದೆ. "46 ನಿಮಿಷ 12 ಸೆಕೆಂಡಿನಲ್ಲಿ ಟೇಪು ತಿರುವಿದ್ದಾರೆ. 41 ಸೆಕೆಂಡ್ ಇಲ್ಲ. ಬಾಲ್ಕನಿಯ ಟೇಪಿನಲ್ಲಿ ಇದೆ." ಆಮೇಲೆ ಬಾಲ್ಕನಿಯ ಫೈಲು ತೆರೆದು, ಅವರ 12 ಸೆಕೆಂಡ್ ಎಲ್ಲಿ ಸಿಗುತ್ತದೆ ಅನ್ನುವುದನ್ನೂ ಬರೆದೆ.